ಎರಡು ಹೆಜ್ಜೆ ಮೊದಲು

ಮಸ್ಕಿ
12 ಅಕ್ಟೋಬರ್ 2023

ಇಲಿಯಾಸ್,

ನಿನ್ನ ಫ್ಲೆಕ್ಸ್ ಇನ್ನೂ ಇಳಿದಿಲ್ಲ. ಸಿಂಧನೂರಿನ ಸರ್ಕಲ್ಲಿನಲ್ಲಿ, ಸೀರೆ ಅಂಗಡಿಯ ಜಾಹೀರಾತಿಗಿಂತ ಒಂದು ಮೊಳ ಎತ್ತರದಲ್ಲಿ, ಹಳದಿ ಅಂಗಿ ತೊಟ್ಟು ಕೈ ಕಟ್ಟಿ ನಿಂತಿದ್ದೀಯ. 'ಕೇರಳದ ಪೊನ್ನಾನಿ ಬ್ರದರ್ಸ್ ಕ್ಲಬ್ಬಿಗೆ ಆಯ್ಕೆಯಾದ ನಮ್ಮೂರ ಹೆಮ್ಮೆಯ ಫುಟ್‌ಬಾಲ್ ಆಟಗಾರ' ಎಂದು ಬರೆಸಿದ್ದಾರೆ. ಎರಡನೇ ಡಿವಿಜನ್ ಎಂಬುದನ್ನು ಮಾತ್ರ ಬರೆಸಿಲ್ಲ. ಪ್ರತಿ ಶನಿವಾರ ಮಸ್ಕಿ ಬಸ್ಸಿಳಿದು ನಮ್ಮಪ್ಪನ ಗೊಬ್ಬರದ ಅಂಗಡಿಗೆ ಹೋಗಬೇಕಾದರೆ ಅದರ ಕೆಳಗೇ ನಡೆಯಬೇಕು. ಈ ಸಲ ತಲೆ ಎತ್ತಬಾರದು ಎಂದುಕೊಂಡೇ ಇಳಿಯುತ್ತೇನೆ, ಎತ್ತಿಯೇ ಎತ್ತುತ್ತೇನೆ.

ಅಂಗಡಿಯಲ್ಲಿ ನಮ್ಮಪ್ಪ ಜಂಬಣ್ಣ ಸಿದ್ಧನಾಗಿರುತ್ತಾನೆ. "ಇಬ್ರೂ ಒಂದ ಕಣದಾಗ ಆಡಿದ್ರಿ. ಅಂವ ಎಲ್ಲಿ ಹೋಗ್ಯಾನ, ನೀ ಎಲ್ಲಿ ಕುಂತೀದಿ ನೋಡಲೇ." ನಾನು ಕುಂತಿರುವುದು ಮಸ್ಕಿಯ ಹೆಣ್ಣುಮಕ್ಕಳ ಶಾಲೆಯಲ್ಲಿ, ಪಿ.ಟಿ. ಮಾಸ್ತರನ ಕುರ್ಚಿಯಲ್ಲಿ. ಅದರ ಒಂದು ಕಾಲು ಅಲುಗಾಡುತ್ತದೆ. ಹೊಟ್ಟೆಕಿಚ್ಚಿದೆಯೇ ಎಂದು ಕೇಳಬೇಡ. ಇದೆ. ಬೆಂಗಳೂರಿನ ಆಯ್ಕೆಯ ದಿನ ಮೂರು ಗೋಲು ಹೊಡೆದವನು ನಾನು, ಎತ್ತಿಕೊಂಡದ್ದು ನಿನ್ನನ್ನು. 'ವಿಂಗರ್‌ಗಳು ಬೇಕಾದಷ್ಟಿದ್ದಾರೆ, ಎಡಗಾಲಿನ ಬ್ಯಾಕ್ ಸಿಗುವುದಿಲ್ಲ' ಎಂದರು. ನೀನು ಬ್ಯಾಕ್ ಆದದ್ದಾದರೂ ಯಾಕೆ? ಎಡಗಡೆ ಮುಂದೆ ನಾನಿದ್ದೆ, ಜಾಗ ಇರಲಿಲ್ಲ, ಅದಕ್ಕೆ ಹಿಂದೆ ನಿಂತೆ. ಎಂಟು ವರ್ಷವಾಯಿತು, ಈ ಲೆಕ್ಕ ನನಗಿನ್ನೂ ಬಗೆಹರಿದಿಲ್ಲ.

ಇರಲಿ. ಮಲ್ಲೇಶ ಮೇಷ್ಟ್ರ ಕಾಯಿದೆಗೆ ಬರುತ್ತೇನೆ. ಲಿಂಗಸುಗೂರಿನ ಮೈದಾನದಲ್ಲಿ ಇಬ್ಬಿಬ್ಬರನ್ನು ಜೋಡಿ ಮಾಡಿ, ಮ್ಯಾಚ್ ಮುಗಿದ ಕೂಡಲೇ ಒಬ್ಬನ ತಪ್ಪು ಮತ್ತೊಬ್ಬ ಬರೆದು ಕೊಡಬೇಕೆಂದು ಕೂರಿಸುತ್ತಿದ್ದರಲ್ಲ. ಹೊಗಳಿದ ಚೀಟಿಯನ್ನು ಹರಿದೇ ಒಗೆಯುತ್ತಿದ್ದರು. "ಬಾಯಿಲೆ ಹೇಳಿದ್ದು ಕಿವಿಯಾಗ ಉಳಿತೈತಿ, ಕೈಲೆ ಬರದಿದ್ದು ಕಾಲಿಗೆ ಇಳಿತೈತಿ." ಮೇಷ್ಟ್ರು ಹೋಗಿ ನಾಲ್ಕು ವರ್ಷ, ನಾವಿಬ್ಬರೂ ಅಂಚೆಯವನನ್ನು ಬಿಟ್ಟಿಲ್ಲ. ಫೋನ್ ಊರಿನ ಸುದ್ದಿಗೆ, ಕಾಗದ ಚೆಂಡಿಗೆ.

ಯೂಟ್ಯೂಬಿನಲ್ಲಿ ಹೊಸ ಕ್ಲಬ್ಬಿಗೆ ನಿನ್ನ ಮೊದಲ ಮ್ಯಾಚ್ ನೋಡಿದೆ. ಥ್ರೋ ಹಾಕುವಾಗ ಹಿಂಗಾಲು ಏಳುತ್ತಿದೆ. ಬಲಗಾಲಿಗೆ ಚೆಂಡು ಬಂದರೆ ಬಿಸಿ ಹಂಚು ಮುಟ್ಟಿದವನ ಹಾಗೆ ಮಾಡುತ್ತೀಯ. ಇನ್ನು ನಿನ್ನ ಓಟ, ಅದು ಹುಟ್ಟಿನಿಂದಲೇ ನಿಧಾನ, ಬರೆದು ಉಪಯೋಗವಿಲ್ಲ. ಆದರೆ ಎದುರಿನವನು ಪಾಸ್ ಕೊಡುವ ಎರಡು ಹೆಜ್ಜೆ ಮೊದಲೇ ನೀನು ಹೊರಡುತ್ತೀಯಲ್ಲ, ಚೆಂಡು ವಿಂಗರನ ಕಾಲಿಗೆ ಬರುವಷ್ಟರಲ್ಲಿ ಅಲ್ಲಿ ನೀನಿರುತ್ತೀಯಲ್ಲ, ಅದೊಂದರ ಮೇಲೆ ನಿನ್ನ ಹೊಟ್ಟೆ ತುಂಬುತ್ತಿದೆ. ಅದನ್ನು ನೀನು ಕಲಿತದ್ದು ಅಕ್ಕಿ ಮಿಲ್ಲಿನ ಕಣದಲ್ಲಿ, ನನ್ನ ಎದುರಿಗೆ. ಓಡಿ ನನ್ನನ್ನು ಹಿಡಿಯಲು ಆಗುತ್ತಿರಲಿಲ್ಲ, ಮೊದಲೇ ಬಂದು ನಿಲ್ಲುವುದನ್ನು ಕಲಿತೆ. ಇದು ಹೊಗಳಿಕೆಯಲ್ಲ, ಹರಿದು ಹಾಕಬೇಡ.

ಸಿದ್ದಲಿಂಗೇಶ


ಪೊನ್ನಾನಿ
2 ನವೆಂಬರ್ 2023

ಸಿದ್ದು ಮಾಸ್ತರಿಗೆ ಸಲಾಂ.

ಫ್ಲೆಕ್ಸ್ ನೋಡುವಾಗ ಪೂರ್ತಿ ನೋಡಬೇಕು. ಹಾಕಿಸಿದ್ದು ನಮ್ಮ ಚಾಚಾನ ಮಗ ದಾನಿಷ್. ಅವನಿಗೆ ವಾರ್ಡಿನ ಚುನಾವಣೆಗೆ ನಿಲ್ಲುವ ಆಸೆ. ಮೂಲೆಯಲ್ಲಿ ಅವನ ಫೋಟೋ ನನ್ನ ಮುಖಕ್ಕಿಂತ ದೊಡ್ಡದಿದೆ, ಅಮ್ಮಿ ಹೇಳಿದಳು. ನನ್ನನ್ನು ಅವನ ಪಕ್ಕದಲ್ಲಿ ಕಾವಲಿಗೆ ನಿಲ್ಲಿಸಿದ್ದಾನೆ ಅಷ್ಟೇ.

ಇಲ್ಲಿ ಎಲ್ಲ ಚೆನ್ನಾಗಿದೆ. ಸಮುದ್ರ ಹತ್ತಿರವೇ, ಬೆಳಿಗ್ಗೆ ಒಳ್ಳೆಯ ಗಾಳಿ. ದಿನಾ ಮೀನು. ನನ್ನ ಜೊತೆ ಒಬ್ಬ ಮಣಿಪುರದವನು, ಒಬ್ಬ ಘಾನಾ ದೇಶದವನು. ಇಬ್ಬರಿಗೂ 'ಒಗ್ಗಾಣಿ ಮಿರ್ಚಿ' ಎಂದು ಹೇಳಲು ಕಲಿಸಿದ್ದೇನೆ, ತಿನ್ನಿಸಲು ಇಲ್ಲಿ ಸಿಗುವುದಿಲ್ಲ. ಬೆಂಗಳೂರಿನಲ್ಲಿ ಎರಡು, ಗೋವಾ, ಕೋಲ್ಕತ್ತ, ಈಗ ಇದು. ಎಂಟು ವರ್ಷಕ್ಕೆ ಐದು ಕ್ಲಬ್ಬು. ನಮ್ಮ ಅಬ್ಬಾ ಅಮೀನ್‌ಸಾಬ್ ಊರಲ್ಲಿ ಒಂದೇ ವೆಲ್ಡಿಂಗ್ ಅಂಗಡಿಯಲ್ಲಿ ನಲವತ್ತು ವರ್ಷ ಕೂತಿದ್ದಾನೆ, ಅವನಿಗೆ ಇದು ನೌಕರಿಯೋ ಅಲೆದಾಟವೋ ಅರ್ಥವಾಗುವುದಿಲ್ಲ.

ನಿನಗೊಬ್ಬನಿಗೆ ಹೇಳುವ ಮಾತು. ಈ ಸೀಸನ್ನಿಗೆ ಹದಿನಾಲ್ಕು ಮ್ಯಾಚು. ಅದರಲ್ಲಿ ಹತ್ತನ್ನು ನಾನು ಮೊದಲ ನಿಮಿಷದಿಂದ ಆಡಿದರೆ ಒಪ್ಪಂದ ತಾನಾಗಿ ಇನ್ನೆರಡು ವರ್ಷ ಮುಂದುವರಿಯುತ್ತದೆ. ಆಡದಿದ್ದರೆ ಮಾರ್ಚಿಗೆ ಮನೆ. ನನಗೀಗ ಇಪ್ಪತ್ತೆಂಟು. ಈ ವಯಸ್ಸಿನಲ್ಲಿ ಎರಡನೇ ಡಿವಿಜನ್ ಕ್ಲಬ್ಬು ಕೈಬಿಟ್ಟವನನ್ನು ಮತ್ತೆ ಯಾರೂ ಮುಟ್ಟುವುದಿಲ್ಲ. ಮೂರು ಆಗಿವೆ, ಏಳು ಬೇಕು. ಅದಕ್ಕೇ ಕೇಳುತ್ತಿದ್ದೇನೆ, ಕನಿಕರ ತೋರಿಸದೆ ಬರೆ. ಇಲ್ಲಿಯ ಕೋಚ್ ಒಬ್ಬೊಬ್ಬರಿಗೇ ಹೇಳುವುದಿಲ್ಲ, ಎಲ್ಲರನ್ನೂ ನಿಲ್ಲಿಸಿ ಒಟ್ಟಿಗೆ ಬೈಯುತ್ತಾನೆ. ನನ್ನ ಆಟ ನನಗೆ ಕಾಣುವುದು ನಿನ್ನ ಕಣ್ಣಿನಿಂದ.

ಒಂದು ಖುಷಿಯ ಸುದ್ದಿ. ಕ್ಲಬ್ಬಿನ ಚಾನೆಲ್ಲಿನವರು ಮೈಕು ಹಿಡಿದುಕೊಂಡು ಬಂದಿದ್ದರು. 'ಪಾಸಿಗಿಂತ ಮೊದಲೇ ಹೋಗಿ ನಿಲ್ಲುತ್ತೀಯಲ್ಲ, ಯಾರು ಕಲಿಸಿದರು?' ಎಂದು ಕೇಳಿದರು. ಮಲ್ಲೇಶ ಮೇಷ್ಟ್ರ ಹೆಸರು ಹೇಳಿದೆ. ಮೇಷ್ಟ್ರು ಇದ್ದಿದ್ದರೆ ಕೇಳುತ್ತಿದ್ದರು, ಅಲ್ಲವಾ? ಲಿಂಕ್ ಕಳಿಸಿದ್ದೇನೆ, ನೋಡು.

ನಿನ್ನ ಇಲಿಯಾಸ್


ಮಸ್ಕಿ
20 ನವೆಂಬರ್ 2023

ಇಲಿಯಾಸ್,

ಸಂದರ್ಶನ ನೋಡಿದೆ. ಚೆನ್ನಾಗಿ ಮಾತಾಡಿದ್ದೀಯ. ಮೇಷ್ಟ್ರ ಹೆಸರು ಹೇಳಿದ್ದು ಒಳ್ಳೆಯದೇ ಆಯಿತು, ಸತ್ತವರನ್ನು ನೆನೆಯಬೇಕು. ನಮ್ಮ ಶಾಲೆಯ ಹುಡುಗಿಯರೂ ನೋಡಿದರು. "ಸರ, ಇವರು ನಿಮಗ ಗೊತ್ತೇನ್ರೀ?" ಎಂದು ನಮ್ಮ ಟೀಮಿನ ಶಿವಗಂಗಾ ಕೇಳಿದಳು. ಒಂದೇ ಬಸ್ಸಿನಲ್ಲಿ ಲಿಂಗಸುಗೂರಿಗೆ ಹೋಗುತ್ತಿದ್ದೆವು ಎಂದೆ. ಬಸ್ಸಿನಲ್ಲಿ ಬೇಕಾದಷ್ಟು ಜನ ಇರುತ್ತಾರಲ್ಲ, ಅವಳು ಮತ್ತೆ ವಿಡಿಯೋ ಕಡೆ ತಿರುಗಿದಳು.

ಕನಿಕರ ಬೇಡ ಎಂದಿದ್ದೀಯ. ಸರಿ. ಐದನೇ ಮ್ಯಾಚನ್ನು ಮೂರು ಸಲ ನೋಡಿದೆ. ನಲವತ್ತೊಂದನೇ ನಿಮಿಷದಲ್ಲಿ ನಿಮ್ಮ ಮೇಲೆ ಬಿದ್ದ ಗೋಲು ನಿನ್ನ ತಪ್ಪಿನದು. ನೀನು ಮೊದಲೇ ಮುಂದೆ ಹೋಗಿದ್ದೆ, ಬೆನ್ನ ಹಿಂದೆ ಅಷ್ಟಗಲ ಜಾಗ ಬಿಟ್ಟಿದ್ದೆ, ಅವನು ಅಲ್ಲಿಂದಲೇ ನುಗ್ಗಿದ. ಇದು ಒಂದು ದಿನದ ತಪ್ಪಲ್ಲ, ರೂಢಿ. ಮಿಲ್ಲಿನ ಕಣದಲ್ಲಿ, ನಮ್ಮ ತಾಲೂಕಿನ ಮ್ಯಾಚುಗಳಲ್ಲಿ ಅದು ನಡೆಯಿತು. ಕೇರಳದಲ್ಲಿ ಈಗ ನಿನ್ನ ಆಟವನ್ನು ಎಲ್ಲರೂ ವಿಡಿಯೋದಲ್ಲಿ ನೋಡಿಕೊಂಡೇ ಬರುತ್ತಾರೆ. ನೀನು ಮೊದಲೇ ಹೊರಡುತ್ತೀಯ ಎಂದು ಗೊತ್ತಾದ ಮೇಲೆ ಅದು ನಿನಗೇ ಗುಂಡಿ.

ಕಾಯಿ. ಚೆಂಡು ವಿಂಗರನ ಕಾಲಿಗೆ ಬಂದು ಮುಟ್ಟಲಿ, ಅವನು ತಿರುಗಲಿ, ಆಮೇಲೆ ಹೋಗು. ಇಪ್ಪತ್ತೆಂಟು ವಯಸ್ಸಿನವನು ಹುಡುಗಾಟ ಬಿಟ್ಟು ಗಟ್ಟಿಯಾಗಿ ನಿಂತು ಆಡಬೇಕು. ಏಳು ಮ್ಯಾಚು ಬೇಕೆಂದರೆ ಇದೊಂದನ್ನು ಸರಿ ಮಾಡಿಕೋ. ಬೇರೆ ತಪ್ಪು ಈ ಸಲ ಬರೆಯುವುದಿಲ್ಲ.

ಸಿದ್ದಲಿಂಗೇಶ


ಪೊನ್ನಾನಿ
15 ಡಿಸೆಂಬರ್ 2023

ಸಿದ್ದು,

ನಿನ್ನ ಕಾಗದ ಬಂದ ದಿನ ರಾತ್ರಿಯಿಡೀ ಆ ಗೋಲಿನ ವಿಡಿಯೋ ತಿರುಗಿಸಿ ತಿರುಗಿಸಿ ನೋಡಿದೆ. ನನಗೆ ಬೇರೆ ಏನೋ ಕಂಡಿತ್ತು. ಆದರೆ ನೀನು ಮೂರು ಸಲ ನೋಡಿ ಬರೆದಿದ್ದೀಯ. ಕುಣಿಯಲಾರದವಳು ನೆಲ ಡೊಂಕು ಎಂದ ಹಾಗೆ ಬೇರೆಯವರ ಮೇಲೆ ಹಾಕುವುದು ಬೇಡ ಎಂದು ಒಪ್ಪಿಕೊಂಡೆ.

ಈಗ ಕಾಯುತ್ತಿದ್ದೇನೆ. ಕಷ್ಟ ಮಾರಾಯ. ಇಪ್ಪತ್ತು ವರ್ಷ ತಾನಾಗಿ ಮುಂದೆ ಹೋದ ಕಾಲನ್ನು ಹಿಡಿದು ನಿಲ್ಲಿಸಬೇಕು. ಆಟದ ನಡುವೆ ನನ್ನೊಳಗೆ ನಾನೇ 'ನಿಂದ್ರು, ನಿಂದ್ರು' ಎಂದುಕೊಳ್ಳುತ್ತಿರುತ್ತೇನೆ. ಹೋದ ಭಾನುವಾರ ಎದುರಿಗಿದ್ದವನು ಹತ್ತೊಂಬತ್ತು ವರ್ಷದ ಹುಡುಗ, ಕುದುರೆ. ನೀನು ಹೇಳಿದಂತೆ ಅವನು ತಿರುಗುವ ತನಕ ಬಿಟ್ಟೆ. ತಿರುಗಿದವನೇ ಎರಡು ಸಲ ನನ್ನನ್ನು ದಾಟಿ ಹೋದ. ಕೋಚ್ ಅರ್ಧಕ್ಕೆ ಹೊರಗೆ ಕರೆದು, "ಮಂಡಿ ನೋವಾ?" ಎಂದು ಕೇಳಿದ. ಇಲ್ಲ ಎಂದೆ. "ಮತ್ತೆ ಹೆದರಿದೆಯಾ?" ಎಂದ. ಅದಕ್ಕೂ ಇಲ್ಲ ಎಂದೆ. ಊರಿನಿಂದ ಒಬ್ಬ ಬರೆದಿದ್ದಾನೆ, ಅವನು ಹೇಳಿದ ಹಾಗೆ ಆಡುತ್ತಿದ್ದೇನೆ ಎಂದು ಅವನಿಗೆ ಹೇಗೆ ಹೇಳಲಿ?

ಹೊಸ ಚಪ್ಪಲಿ ಮೊದಲು ಕಚ್ಚಿಯೇ ಕಚ್ಚುತ್ತದೆ. ಆರು ಆಗಿವೆ, ನಾಲ್ಕು ಸಾಕು. ಸರಿಯಾಗಿ ಕಾಯುತ್ತಿದ್ದೇನೋ, ಇನ್ನೂ ಅರೆಬರೆಯೋ, ಮುಂದಿನ ಮ್ಯಾಚ್ ನೋಡಿ ಬರೆ. ಬೇಗ ಬರೆ.

ನಿನ್ನ ಇಲಿಯಾಸ್


ಮಸ್ಕಿ
23 ಡಿಸೆಂಬರ್ 2023
(ಕಳಿಸಲಿಲ್ಲ)

ಇಲಿಯಾಸ್,

ನಿನಗೆ ಬೇರೆ ಏನೋ ಕಂಡಿತ್ತು ಎಂದೆಯಲ್ಲ, ನಿನಗೆ ಕಂಡದ್ದೇ ಸರಿ. ಆ ಗೋಲು ನಿಮ್ಮ ಸೆಂಟರ್ ಬ್ಯಾಕಿನವನದು. ನೀನು ಮುಂದೆ ಹೋದಾಗ ಅವನು ನಿನ್ನ ಜಾಗಕ್ಕೆ ಜರುಗಬೇಕಿತ್ತು, ನಿಂತು ಸೊಂಟ ತುರಿಸಿಕೊಳ್ಳುತ್ತಿದ್ದ. ಮೂರು ಸಲ ನೋಡಿದೆ ಎಂದು ಬರೆದದ್ದು ಮಾತ್ರ ನಿಜ. ಮೊದಲನೇ ಸಲದಲ್ಲೇ ನನಗೆ ಗೊತ್ತಾಗಿತ್ತು. ಉಳಿದ ಎರಡು ಸಲ ನೋಡಿದ್ದು ಸುಳ್ಳನ್ನು ಹೇಗೆ ಹೊಲಿಯುವುದು ಎಂದು.

ನೀನು ನನ್ನ ಹೆಸರು ಹೇಳಲಿಲ್ಲ. ಯಾರು ಕಲಿಸಿದರು ಎಂದು ಜಗತ್ತಿನ ಎದುರು ಕೇಳಿದರು, ನೀನು ಮೇಷ್ಟ್ರು ಎಂದೆ. ಮೇಷ್ಟ್ರು ಕಲಿಸಿದ್ದು ಥ್ರೋ ಹಾಕುವುದನ್ನು. ಆ ಎರಡು ಹೆಜ್ಜೆ ನನ್ನದು. ಮಿಲ್ಲಿನ ಕಣದಲ್ಲಿ ಭತ್ತ ಎತ್ತಿದ ಮೇಲೆ ಉಳಿದ ಬಿಸಿ ಸಿಮೆಂಟಿನ ಮೇಲೆ, ಬರಿಗಾಲಲ್ಲಿ, ಸಂಜೆ ಸಂಜೆ, ಹತ್ತು ವರ್ಷ. ನಾನಿಲ್ಲದಿದ್ದರೆ ನಿನಗೆ ಅದರ ಅಗತ್ಯವೇ ಬೀಳುತ್ತಿರಲಿಲ್ಲ. ಎಂಟು ವರ್ಷ ನಾನು ನಮ್ಮಪ್ಪನ ಮಾತು ಸಹಿಸಿದೆ, ಈಗ ಫ್ಲೆಕ್ಸನ್ನೂ ಸಹಿಸಿದೆ, ನಿನ್ನ ಗೋವಾ ಸಮುದ್ರದ ಫೋಟೋಗಳಿಗೆ ಹೆಬ್ಬೆರಳು ಒತ್ತಿದೆ. ಒಂದು ಹೆಸರು ಹೇಳಿದ್ದರೆ ಇನ್ನೆಂಟು ವರ್ಷ ಸಹಿಸುತ್ತಿದ್ದೆ.

ನಿನ್ನ ಕಾಲು ನಿಧಾನ, ಕಣ್ಣು ಚುರುಕು. ನಾನು ನಿನ್ನ ಕಣ್ಣು ಕಟ್ಟಿದ್ದೇನೆ. ಆ ಹತ್ತೊಂಬತ್ತರ ಹುಡುಗ ನಿನ್ನನ್ನು ದಾಟಿದ್ದನ್ನು ಮೊಬೈಲಿನಲ್ಲಿ ನೋಡಿ ನನಗೆ ಮೊದಲು ಖುಷಿಯಾಯಿತು. ಬಾಯಿ ಬಿಟ್ಟು ನಕ್ಕೆ ಕೂಡ. ಎರಡನೇ ಸಲ ದಾಟಿದಾಗ ನೀನು ಸೊಂಟದ ಮೇಲೆ ಕೈಯಿಟ್ಟು ನೆಲ ನೋಡಿದೆ. ಅಷ್ಟಕ್ಕೆ ಮೊಬೈಲ್ ಇಟ್ಟುಬಿಟ್ಟೆ.

ಇದನ್ನು ನಾಳೆ ಡಬ್ಬಿಗೆ ಹಾಕುತ್ತೇನೆ.


ಮಸ್ಕಿ
30 ಡಿಸೆಂಬರ್ 2023

ಇಲಿಯಾಸ್,

ಇನ್ನೂ ಅರೆಬರೆ. ಅರ್ಧ ಹೆಜ್ಜೆ ಮುಂದೆ ಹೋಗಿ ಹಿಂದೆ ಬರುತ್ತಿದ್ದೀಯ, ಅದಕ್ಕೇ ಅವನು ದಾಟುತ್ತಿದ್ದಾನೆ. ಪೂರ್ತಿ ನಿಲ್ಲು. ರೂಢಿಯಾಗಲು ಸಮಯ ಬೇಕು.

ಶಾಲೆಯಲ್ಲಿ ವಾರ್ಷಿಕ ಕ್ರೀಡಾಕೂಟದ ಗಡಿಬಿಡಿ. ಮತ್ತೆ ಬರೆಯಲು ತಡವಾಗಬಹುದು.

ಸಿದ್ದಲಿಂಗೇಶ


ಪೊನ್ನಾನಿ
28 ಜನವರಿ 2024

ಸಿದ್ದು,

ಕ್ರೀಡಾಕೂಟ ಮುಗಿಯಿತಾ? ಒಂದು ತಿಂಗಳಿಂದ ನಿನ್ನ ಕಾಗದ ಇಲ್ಲ.

ಬೆಂಚಿಗೆ ಬಂದಿದ್ದೇನೆ. ಏಳನೇ ಮ್ಯಾಚಿನಲ್ಲಿ ಇಪ್ಪತ್ತೆಂಟನೇ ನಿಮಿಷಕ್ಕೆ ಎಳೆದರು. ಗಾಯವಾಗದ ಆಟಗಾರನನ್ನು ಅರ್ಧಕ್ಕೂ ಮೊದಲು ಎಳೆದರೆ ಅದರ ಅರ್ಥ ಏನೆಂದು ನಿನಗೆ ಹೇಳಬೇಕಿಲ್ಲ. ಹೊರಗೆ ಬಂದಾಗ ನಮ್ಮವರೇ ಒಂದಿಬ್ಬರು ಚಪ್ಪಾಳೆ ತಟ್ಟಿದರು, ಹೋದದ್ದು ಒಳ್ಳೆಯದಾಯಿತು ಎಂಬ ಚಪ್ಪಾಳೆ. ಆಮೇಲೆ ಎರಡು ಮ್ಯಾಚಿಗೆ ನೀರಿನ ಬಾಟಲಿ ಎತ್ತಿಕೊಡುವ ಕೆಲಸ.

ಪೂರ್ತಿ ನಿಂತೆ, ಸಿದ್ದು. ನೀನು ಬರೆದ ಹಾಗೇ ನಿಂತೆ. ನಿಂತಷ್ಟೂ ದಾಟಿದರು. ತಪ್ಪು ನಿನ್ನ ಮಾತಿನಲ್ಲಿಲ್ಲ, ಅದನ್ನು ಮಾಡುವ ಕಾಲು ನನ್ನಲ್ಲಿಲ್ಲ ಎನ್ನಿಸುತ್ತದೆ. ಒಳ್ಳೆಯ ಬ್ಯಾಕ್‌ಗಳೆಲ್ಲ ನಿಂತೇ ಆಡುತ್ತಾರೆ. ಬಹುಶಃ ಇಷ್ಟು ವರ್ಷ ನಾನು ಆಡಿದ್ದು ಆಟವೇ ಅಲ್ಲವೇನೋ. ಯಾರ ಕಣ್ಣಿಗೂ ಬೀಳದೆ ಎಂಟು ವರ್ಷ ಕಳೆದುಬಿಟ್ಟೆ, ನಿನ್ನ ಕಣ್ಣಿಗೆ ಬಿದ್ದೆ. ಮೊದಲು ಮೈದಾನಕ್ಕಿಳಿದರೆ ಚೆಂಡು ಎಲ್ಲಿಗೆ ಬರುತ್ತದೆಂದು ನನಗೆ ಗೊತ್ತಿರುತ್ತಿತ್ತು. ಈಗ ಬೆಂಚಿನ ಮೇಲೆ ಕೂತು ನೋಡುವಾಗಲೂ ಗೊತ್ತಾಗುವುದಿಲ್ಲ.

ಅಮ್ಮಿಗೆ ಹೇಳಬೇಡ. ಶನಿವಾರ ಹೋದಾಗ, ಆಡುತ್ತಿದ್ದಾನೆ, ಚೆನ್ನಾಗಿದ್ದಾನೆ ಅನ್ನು. ಅವಳಿಗೆ ಯೂಟ್ಯೂಬ್ ತೆಗೆಯಲು ಬರುವುದಿಲ್ಲ. ಅವಳಿಗೆ ತೋರಿಸಬೇಡ ಎಂದು ದಾನಿಷ್‌ಗೂ ಹೇಳಿದ್ದೇನೆ. ಇನ್ನು ಐದು ಉಳಿದಿವೆ, ಮೂರು ಸಿಕ್ಕರೆ ಸಾಕು. ಏನಾದರೂ ಬರೆ. ಬೈದಾದರೂ ಬರೆ.

ಇಲಿಯಾಸ್


ಲಿಂಗಸುಗೂರು
13 ಮಾರ್ಚ್ 2024

ಇಲಿಯಾಸ್,

ಪರೀಕ್ಷೆ ಕೆಲಸದ ಸಭೆಗೆ ಲಿಂಗಸುಗೂರಿಗೆ ಬಂದಿದ್ದೇನೆ. ಸಭೆ ಬಿಟ್ಟು ಅಂಚೆ ಕಚೇರಿಯ ಮೆಟ್ಟಿಲ ಮೇಲೆ ಕೂತು ಬರೆಯುತ್ತಿದ್ದೇನೆ. ಮಸ್ಕಿಗೆ ಒಯ್ದರೆ ಇದನ್ನೂ ಪೆಟ್ಟಿಗೆಯಲ್ಲಿಡುತ್ತೇನೆ, ನನ್ನ ಬುದ್ಧಿ ನನಗೆ ಗೊತ್ತು.

ನವೆಂಬರ್ ಇಪ್ಪತ್ತರಂದು ನಾನು ಬರೆದದ್ದು ಸುಳ್ಳು. ಆ ಗೋಲು ನಿನ್ನದಲ್ಲ. ನೀನು ಮೊದಲೇ ಹೊರಡುವುದು ತಪ್ಪಲ್ಲ, ಅದೇ ನಿನ್ನ ಆಟ. ಅದು ನನಗೆ ಗೊತ್ತಿದ್ದೇ ಕಾಯಿ ಎಂದು ಬರೆದೆ. ಡಿಸೆಂಬರ್‌ನಲ್ಲಿ ನೀನು ಎಡವುತ್ತಿರುವುದು ಕಂಡ ಮೇಲೂ ಪೂರ್ತಿ ನಿಲ್ಲು ಎಂದು ಬರೆದೆ. ಕಣ್ತಪ್ಪಿ ಆದದ್ದಲ್ಲ, ಬುದ್ಧಿಪೂರ್ವಕವಾಗಿ ಮಾಡಿದ್ದು. ಹೊಟ್ಟೆಕಿಚ್ಚು. ನೀನು ನನ್ನ ಹೆಸರು ಹೇಳಲಿಲ್ಲ ಎಂಬ ಸಿಟ್ಟು ಅದರ ಮೇಲೆ ಸುರಿದ ಎಣ್ಣೆ. ಎಣ್ಣೆ ಇಲ್ಲದಿದ್ದರೂ ಅದು ಉರಿಯುತ್ತಿತ್ತೋ ಏನೋ, ಈಗ ಹೇಳಲಾರೆ.

ಹೋದ ಶನಿವಾರ ನಿಮ್ಮ ಮನೆಗೆ ಹೋಗಿದ್ದೆ. ಇಮಾಮ್‌ಬೀ ಅಮ್ಮಿ ಚಹಾ ಕೊಟ್ಟಳು. ನೀನು ಹೇಳಿದಂತೆ, ಆಡುತ್ತಿದ್ದಾನೆ ಎಂದೆ. ಅವಳು ನಕ್ಕಳು. "ನನಗ ಗೊತ್ತಿಲ್ಲೇನೋ ಬೇಟಾ? ತಾಯಿಗೆ ಧ್ವನಿ ಕೇಳಿದ್ರ ತಿಳಿತೈತಿ. ಕುಂತಾನ ಅಂವ. ಆದ್ರೂ ಫೋನಿನ್ಯಾಗ ಏನಂದ ಗೊತ್ತೇನ? 'ಅಮ್ಮಿ, ಸಿದ್ದು ಬರದಾನ, ಹಂಗ ಆಡಾಕತ್ತೀನಿ, ಸ್ವಲ್ಪ ದಿನದಾಗ ಕೂಡ್ತೈತಿ' ಅಂದ. ನಾನೂ ಅಂದೆ, ಸಿದ್ದು ಹೇಳಿದ್ರ ಸುಳ್ಳಾಗಂಗಿಲ್ಲ, ಅಂವ ಹೇಳ್ದಂಗ ಕೇಳು ಅಂತ." ಇನ್ನೊಂದು ಕಪ್ ಹಾಕಿದಳು, ಅದನ್ನೂ ಕುಡಿದೆ.

ಮನೆಯಿಂದ ಹೊರಬಿದ್ದು ನಿನಗೆ ಫೋನ್ ಹಚ್ಚಿದೆ. ನೆನಪಿರಬೇಕು. ನೀನು "ಹೇಳಪಾ" ಎಂದೆ. ನಾನು ಕಾಲುವೆ ನೀರು ಈ ಸಲ ತುರ್ವಿಹಾಳದ ತನಕವೂ ಸರಿಯಾಗಿ ಬರುತ್ತಿಲ್ಲ, ಸಾಲಗುಂದದ ರೈತರು ಅಂಗಡಿಯಲ್ಲಿ ಅಪ್ಪನ ಜೊತೆ ಜಗಳಾಡುತ್ತಿದ್ದಾರೆ ಎಂದೆಲ್ಲ ಹೇಳಿದೆ. ನೀನು ಹೂಂ ಹೂಂ ಎಂದು ಕೇಳಿದೆ. ಕೊನೆಗೆ ನಾನೇ ಇಟ್ಟುಬಿಟ್ಟೆ. ಬೆಂಚಿನ ಮೇಲೆ ಕೂತವನಿಗೆ ಕಾಲುವೆ ನೀರಿನ ಸುದ್ದಿ ಹೇಳಲು ಫೋನ್ ಮಾಡಿದವನು ನಾನು.

ಕೊನೆಯ ಮ್ಯಾಚ್ ಇಪ್ಪತ್ನಾಲ್ಕಕ್ಕೆ ಇದೆ ಎಂದು ನೋಡಿದ್ದೇನೆ. ಸ್ಪೀಡ್ ಪೋಸ್ಟ್ ಮಾಡುತ್ತಿದ್ದೇನೆ. ಹತ್ತರ ಲೆಕ್ಕ ಇನ್ನು ಮುಟ್ಟುವುದಿಲ್ಲ ಎಂದು ನನಗೂ ಗೊತ್ತು. ಆದರೂ ಇಳಿಸಿದರೆ, ಮೊದಲೇ ಹೊರಡು. ನನ್ನ ಮಾತು ಕೇಳು ಎನ್ನುವ ಮುಖವಿಲ್ಲ, ನಿನ್ನ ಕಣ್ಣಿನ ಮಾತು ಕೇಳು. ಕ್ಷಮಿಸು ಎಂದು ಬರೆಯುವುದಿಲ್ಲ, ಬರೆದರೆ ನೀನು ಕ್ಷಮಿಸಿಬಿಡುತ್ತೀಯ.

ಸಿದ್ದಲಿಂಗೇಶ


ಪೊನ್ನಾನಿ
6 ಏಪ್ರಿಲ್ 2024

ಸಿದ್ದು,

ನಿನ್ನ ಕಾಗದ ಹತ್ತೊಂಬತ್ತಕ್ಕೆ ಬಂತು. ಒಮ್ಮೆ ಊಟದ ಹಾಲಿನಲ್ಲಿ ಓದಿದೆ. ಎರಡನೇ ಸಲ ಪಾಯಖಾನೆಯಲ್ಲಿ, ಚಿಲಕ ಹಾಕಿಕೊಂಡು. ನಮ್ಮ ರೂಮಿನಲ್ಲಿ ಐದು ಜನ ಮಲಗುತ್ತೇವೆ, ಒಬ್ಬನೇ ಇರಲು ಬೇರೆ ಜಾಗವಿಲ್ಲ. ಕಿಟಕಿ ತೆರೆದರೆ ಕಾಣುವುದು ಮೀನಿನ ಐಸ್ ಫ್ಯಾಕ್ಟರಿಯ ಗೋಡೆ, ಸಮುದ್ರ ಅದರ ಆಚೆ. ಗೋವಾದಲ್ಲಿ ಒಂದು ವರ್ಷ ಪೂರ್ತಿ ಬೆಂಚಿನ ಮೇಲಿದ್ದೆ, ಅಲ್ಲಿಯ ಮ್ಯಾಚು ಯೂಟ್ಯೂಬಿಗೆ ಬರುತ್ತಿರಲಿಲ್ಲ. ಇವನ್ನು ನಿನಗೆ ಬರೆಯಲಿಲ್ಲ. ದೂರದ ಬೆಟ್ಟ ನುಣ್ಣಗೇ ಇರಲಿ ಎಂದು ಬಿಟ್ಟೆ, ನೀನು ಆ ಬೆಟ್ಟಕ್ಕೇ ಬೆಂಕಿ ಇಟ್ಟೆ.

ಫೋನ್ ಮಾಡಲಿಲ್ಲ. ಮಾಡಿದ್ದರೆ ಬಾಯಿಗೆ ಬಂದಂತೆ ಬೈಯುತ್ತಿದ್ದೆ, ನಿನಗೆ ಹಗುರಾಗುತ್ತಿತ್ತು.

ಆ ಗೋಲಿನ ವಿಡಿಯೋದಲ್ಲಿ ನನಗೂ ಸೆಂಟರ್ ಬ್ಯಾಕಿನವನ ತಪ್ಪೇ ಕಂಡಿತ್ತು. ಸ್ಪಷ್ಟವಾಗಿ ಕಂಡಿತ್ತು. ಸಿದ್ದು ಹೀಗೆ ಬರೆದಿದ್ದಾನೆ ಎಂದರೆ ನನ್ನ ಕಣ್ಣೇ ಕೆಟ್ಟಿದೆ ಎಂದುಕೊಂಡೆ. ನನಗೆ ಉರಿಯುವುದು ಇದು, ಒಪ್ಪಂದ ಹೋದದ್ದಲ್ಲ.

ಹೆಸರಿನ ವಿಷಯ. ಹೌದು, ಹೇಳಲಿಲ್ಲ. ಬಾಯಿಯ ತನಕ ಬಂದಿತ್ತು. ಹೇಳಿದರೆ 'ಅವನು ಈಗ ಯಾವ ಕ್ಲಬ್ಬಿನಲ್ಲಿದ್ದಾನೆ' ಎಂದು ಮುಂದಿನ ಪ್ರಶ್ನೆ ಬರುತ್ತಿತ್ತು. ಎಲ್ಲಿಯೂ ಇಲ್ಲ ಎಂದು ಕ್ಯಾಮೆರಾದ ಎದುರು ಹೇಳಲು ನನ್ನಿಂದ ಆಗಲಿಲ್ಲ, ನೀನು ಅದನ್ನು ನೋಡುತ್ತೀಯ ಎಂದು ಗೊತ್ತಿತ್ತು. ಸತ್ತವರ ಹೆಸರಿಗೆ ಆ ಪ್ರಶ್ನೆ ಕೇಳುವುದಿಲ್ಲ.

ಇಪ್ಪತ್ನಾಲ್ಕಕ್ಕೆ ಇಳಿಸಿದರು. ಬ್ಯಾಕ್ ಆಡುತ್ತಿದ್ದವನಿಗೆ ಹಳದಿ ಕಾರ್ಡು ಹೆಚ್ಚಾಗಿ ಹೊರಗೆ ಕೂತಿದ್ದ, ಬೇರೆ ಗತಿಯಿರಲಿಲ್ಲ. ಮೊದಲ ಚೆಂಡಿಗೇ ನನ್ನ ಕಾಲು ತಾನಾಗಿ ಹೊರಟಿತು. ಹನ್ನೊಂದು ಸಲ ಅವರ ಪಾಸ್ ಕತ್ತರಿಸಿದೆ, ಘಾನಾದವನು ಎಣಿಸಿದ್ದ. ಎರಡನೇ ಅರ್ಧಕ್ಕೆ ಅವರು ನನ್ನ ಕಡೆ ಚೆಂಡು ಕೊಡುವುದನ್ನೇ ಬಿಟ್ಟರು. ಮುಗಿದ ಮೇಲೆ ಕೋಚ್ ಬಂದು, ಇಷ್ಟು ದಿನ ಇದನ್ನು ಎಲ್ಲಿಟ್ಟಿದ್ದೆ ಎಂದ. ಒಳಗೆ ಹೋಗಿ ಕೂತ ಮೇಲೆ ಮ್ಯಾನೇಜರ್ ಬಂದು ನನ್ನ ಕೈಗೆ ಬಿಡುಗಡೆಯ ಕಾಗದ ಕೊಟ್ಟ. ನನ್ನ ಜಾಗಕ್ಕೆ ಮಿಜೋರಾಮಿನ ಒಬ್ಬ ಇಪ್ಪತ್ತೊಂದರವನ ಜೊತೆ ಹಿಂದಿನ ವಾರವೇ ಸಹಿಯಾಗಿತ್ತು.

ಈದ್‌ಗೆ ಊರಿಗೆ ಬರುತ್ತೇನೆ, ಮತ್ತೆ ಹೋಗುವುದಿಲ್ಲ. ಅಬ್ಬಾನ ಅಂಗಡಿಯಲ್ಲಿ ಕೆಲಸ ಕಲಿಯುತ್ತೇನೆ. ನೀನು ಹಬ್ಬಕ್ಕೆ ಬಾ. ಬರದಿದ್ದರೆ ಅಮ್ಮಿ ಕಾರಣ ಕೇಳುತ್ತಾಳೆ, ಅವಳಿಗೆ ನಾನು ಹೇಳುವುದಿಲ್ಲ, ನೀನೂ ಹೇಳಬಾರದು. ನಿನ್ನ ತಟ್ಟೆ ಇರುತ್ತದೆ. ಆದರೆ ಇನ್ನು ನಮ್ಮಿಬ್ಬರ ನಡುವೆ ಚೆಂಡಿನ ಮಾತಿಲ್ಲ.

ಆ ಮ್ಯಾಚ್ ಯೂಟ್ಯೂಬಿನಲ್ಲಿ ಇದೆ. ಎಂಟು ವರ್ಷ ಸಿಕ್ಕ ನನ್ನ ಪ್ರತಿಯೊಂದು ಮ್ಯಾಚ್ ನೀನು ನೋಡಿದ್ದೀಯ. ಇದನ್ನು ನೋಡಬೇಡ. ಇದು ನನ್ನದು.

ಇಲಿಯಾಸ್


ಮಸ್ಕಿ
22 ಜೂನ್ 2024

ಇಲಿಯಾಸ್,

ಮಸ್ಕಿಯಿಂದ ಸಿಂಧನೂರಿಗೆ ಕಾಗದ ಹಾಕುವವರು ಯಾರಿದ್ದಾರೆ ಎಂದು ಅಂಚೆಯವನು ನಗಬಹುದು. ಎದುರಿಗೆ ಬಂದರೆ ನೀನು ಟ್ರಾಲಿಯ ಅಳತೆ, ಕಬ್ಬಿಣದ ದರ, ನಮ್ಮಪ್ಪನ ಸಕ್ಕರೆ ಕಾಯಿಲೆ, ಎಲ್ಲ ಮಾತಾಡುತ್ತೀಯ. ಈದ್ ದಿನ ನೀನೇ ಕೈಯಾರೆ ಶೀರ್‌ಕುರ್ಮಾ ಹಾಕಿದೆ. ಬಟ್ಟಲು ಕೊಡುವಾಗ ಮುಖ ನೋಡಲಿಲ್ಲ. ಅಮ್ಮಿ ನಮ್ಮಿಬ್ಬರ ತಲೆಯ ಮೇಲೂ ಕೈಯಾಡಿಸಿದಳು.

ಚೆಂಡಿನ ಮಾತು ಬೇಡ ಎಂದಿದ್ದೀಯ. ಇದೊಂದಕ್ಕೆ ಮಾಫಿ ಇರಲಿ. ಇದು ನಾನು ನೋಡದೆ ಇದ್ದದ್ದರ ಮಾತು.

ನಿನ್ನೆ ಮಳೆ ಬಂದು ಮೈದಾನದಲ್ಲಿ ನೀರು ನಿಂತಿತ್ತು. ಹುಡುಗಿಯರನ್ನು ಕ್ಲಾಸಿನಲ್ಲಿ ಕೂರಿಸಿದ್ದೆ. ಶಿವಗಂಗಾ ಎಲ್ಲಿಂದಲೋ ನಿನ್ನ ಕೊನೆಯ ಮ್ಯಾಚ್ ಹುಡುಕಿ ತೆಗೆದು, ಕಂಪ್ಯೂಟರ್ ಟೀಚರ್ ಕಡೆಯಿಂದ ಗೋಡೆಯ ದೊಡ್ಡ ಪರದೆಯ ಮೇಲೆ ಹಚ್ಚಿಸಿದಳು. "ಸರ, ನಿಮ್ಮ ಬಸ್ಸಿನ ದೋಸ್ತರದು, ಬರ್ರಿ, ಮುಂದ ಕುಂದರ್ರಿ" ಎಂದು ನನಗೆ ಕುರ್ಚಿ ಹಾಕಿದಳು. ಹಳದಿ ಅಂಗಿಗಳು ಸಾಲಾಗಿ ಇಳಿಯುವುದು ಕಂಡಿತು, ಅದರಲ್ಲಿ ನೀನು ಮೂರನೆಯವನು. ನಾನು ಎದ್ದು ಹೊರಗೆ ಬಂದೆ.

ತೊಂಬತ್ತು ನಿಮಿಷ ವರಾಂಡದಲ್ಲಿ ನಿಂತಿದ್ದೆ. ಒಳಗೆ ಅವರು ಕೂಗಿದರು. ಸ್ವಲ್ಪ ಹೊತ್ತು ಬಿಟ್ಟು ಮತ್ತೆ ಕೂಗಿದರು. ಒಂದು ಸಲ ಬೆಂಚು ಬಡಿದರು, ಒಂದು ಸಲ ಎಲ್ಲರೂ ಒಟ್ಟಿಗೆ "ಅಯ್ಯಯ್ಯೋ" ಎಂದು ಆಮೇಲೆ ನಕ್ಕರು. ನಿನ್ನ ಪ್ರತಿ ಹೆಜ್ಜೆ ನನಗೆ ಬಾಯಿಪಾಠ, ಆದರೂ ಯಾವುದಕ್ಕೆ ಕೂಗಿದರು ಎಂದು ಊಹಿಸಲು ಆಗಲಿಲ್ಲ. ಮುಗಿದ ಮೇಲೆ ಶಿವಗಂಗಾ ಮುಖವೆಲ್ಲ ಕೆಂಪಾಗಿಸಿಕೊಂಡು ಹೊರಗೆ ಬಂದಳು. "ಯಾಕ್ರಿ ಸರ, ನೋಡ್ಲೇ ಇಲ್ಲಲ್ರಿ? ಎಂಥಾ ಆಡ್ಯಾರ್ರಿ ಅವರು! ಹೇಳ್ಲೇನ್ರಿ?" ಎಂದಳು.

"ಹೇಳಬ್ಯಾಡವ್ವ" ಎಂದೆ.

ಅವಳು ಒಳಗೆ ಹೋಗಿ ಗೆಳತಿಯರಿಗೆ ಕೈಯಾಡಿಸಿ ಕೈಯಾಡಿಸಿ ಹೇಳುತ್ತಿದ್ದಳು, ಕಿಟಕಿಯಿಂದ ಕೈಗಳು ಮಾತ್ರ ಕಾಣುತ್ತಿದ್ದವು. ನಾನು ನೋಡಿಲ್ಲ, ಇಲಿಯಾಸ್. ನೋಡುವುದೂ ಇಲ್ಲ. ನಿನ್ನ ಮೇಲಿದ್ದ ಹೊಟ್ಟೆಕಿಚ್ಚು ಈಗ ಆ ಹದಿನೆಂಟು ಹುಡುಗಿಯರ ಮೇಲೆ ಇದೆ.

ಸಿದ್ದಲಿಂಗೇಶ